ಕುಡಿಯದೆ ಉಳಿಸಿದ ನೀರು

ಬೆಳಿಗ್ಗೆ ಮನೆ ಬಿಡುವ ಮುಂಚೆ ನೀರಿನ ಲೋಟ ಎತ್ತಿಕೊಂಡ ಹೆಂಗಸು ಮನಸ್ಸಿನಲ್ಲೇ ಒಂದು ಲೆಕ್ಕ ಹಾಕುತ್ತಾಳೆ. ಬಸ್ಸಿನಲ್ಲಿ ಎಷ್ಟು ಹೊತ್ತು ಕೂರಬೇಕು, ಇಳಿದ ಮೇಲೆ ಎಲ್ಲಿಗೆ ಹೋಗಬಹುದು, ಅಲ್ಲಿ ಬಾಗಿಲಿಗೆ ಚಿಲಕ ಇದೆಯೇ, ನಲ್ಲಿಯಲ್ಲಿ ನೀರು ಬರುತ್ತದೆಯೇ, ಇವತ್ತು ಮುಟ್ಟಿನ ಎಷ್ಟನೇ ದಿನ. ಲೆಕ್ಕ ಮುಗಿಯುವ ಹೊತ್ತಿಗೆ ಲೋಟದಲ್ಲಿ ಅರ್ಧ ನೀರು ಹಾಗೇ ಉಳಿದಿರುತ್ತದೆ. ಕಳೆ ಕೀಳಲು ಹೊಲಕ್ಕೆ ಹೊರಟವಳು, ಗಾರ್ಮೆಂಟ್ಸಿಗೆ ಹೋಗುವ ಹುಡುಗಿ, ಚುನಾವಣಾ ಡ್ಯೂಟಿ ಬಿದ್ದ ಟೀಚರು, ಸಂತೆಯಲ್ಲಿ ಸೊಪ್ಪು ಮಾರುವವಳು, ಕೋರ್ಟಿಗೆ ಹೊರಟ ವಕೀಲೆ, ಎಲ್ಲರಿಗೂ ಈ ಲೆಕ್ಕ ಬರುತ್ತದೆ. ಅಮ್ಮ ಮಗಳಿಗೆ ಬಾಯಿಬಿಟ್ಟು ಹೇಳಿಕೊಡಬೇಕಾಗಿಲ್ಲ, ನೋಡಿಯೇ ಕಲಿಯುತ್ತಾರೆ.

ಹೆಣ್ಣುಮಕ್ಕಳ ಶೌಚಾಲಯದ ವಿಷಯ ಬಂದಾಗಲೆಲ್ಲ ಕೆಲವು ಮಾತುಗಳು ಗ್ರಾಮಸಭೆಯಲ್ಲಿ, ಆಫೀಸಿನಲ್ಲಿ, ಮನೆಯ ಊಟದ ಹೊತ್ತಿನಲ್ಲಿ ಮತ್ತೆ ಮತ್ತೆ ಕೇಳಿಬರುತ್ತವೆ. ಹೇಳುವವರಲ್ಲಿ ಕೆಟ್ಟ ಮನಸ್ಸಿನವರು ಕಡಿಮೆ. ಎಷ್ಟೋ ಸಲ ಹೆಂಗಸರೇ ಹೇಳುತ್ತಾರೆ. ಆದರೆ ಆ ಮಾತುಗಳಲ್ಲಿ ಹೆಚ್ಚಿನವು ತಪ್ಪು, ಮತ್ತು ಆ ತಪ್ಪಿಗೆ ಹೆಣ್ಣಿನ ಮೈ ದಂಡ ತೆರುತ್ತಿದೆ.

ತಪ್ಪು ಕಲ್ಪನೆ: ಮನೆ ಮನೆಗೂ ಶೌಚಾಲಯ ಬಂದಾಯಿತು. ಈಗ ಆ ಮಾತೇಕೆ?

ವಾಸ್ತವ: ಸ್ವಚ್ಛ ಭಾರತ ಅಭಿಯಾನ ಶುರುವಾದದ್ದು 2014ರ ಅಕ್ಟೋಬರ್ 2ರಂದು. ಶೌಚಾಲಯ ಕಟ್ಟಿಕೊಂಡ ಅರ್ಹ ಗ್ರಾಮೀಣ ಕುಟುಂಬಕ್ಕೆ ₹12,000 ಪ್ರೋತ್ಸಾಹಧನ ಸಿಕ್ಕಿತು. ಐದು ವರ್ಷ ಕಳೆದು, 2019ರ ಅದೇ ದಿನ, ಗ್ರಾಮೀಣ ಭಾರತ ಬಯಲು ಶೌಚ ಮುಕ್ತ ಎಂದು ಘೋಷಣೆಯಾಯಿತು. ಕೋಟ್ಯಂತರ ಮನೆಗಳ ಹಿತ್ತಲಲ್ಲಿ ಶೌಚಾಲಯ ಎದ್ದದ್ದು ಸಣ್ಣ ಕೆಲಸವಲ್ಲ. ಅದರಿಂದ ಎಷ್ಟೋ ಹೆಂಗಸರ ದಿನಚರಿಯೇ ಬದಲಾಗಿದೆ.

ಆದರೆ ಅದೇ ಹೊತ್ತಿಗೆ, 2019ರಿಂದ 2021ರವರೆಗೆ ನಡೆದ ಐದನೇ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ 100ಕ್ಕೆ 19 ಕುಟುಂಬಗಳು ಯಾವ ಶೌಚಾಲಯವನ್ನೂ ಬಳಸುತ್ತಿಲ್ಲ ಎಂದೇ ದಾಖಲಾಯಿತು. ಕಟ್ಟಿದ ಲೆಕ್ಕ ಒಂದು, ಬಳಕೆಯ ಲೆಕ್ಕ ಇನ್ನೊಂದು. ಬಿಲ್ ಪಾಸಾಗಲು ಫೋಟೊ ತೆಗೆಸಿಕೊಂಡ ಶೌಚಾಲಯದೊಳಗೆ ಈಗ ಸೌದೆ, ಕುಳ್ಳು, ಹಳೆ ಸೈಕಲ್ಲು ಇರುವುದನ್ನು ಹಳ್ಳಿ ಸುತ್ತುವ ಯಾರಾದರೂ ನೋಡಿರುತ್ತಾರೆ. ಅದಕ್ಕೆ ಮನೆಯವರ ಸೋಮಾರಿತನವೇ ಕಾರಣ ಎಂದು ಬಗೆಯುವುದು ಅನ್ಯಾಯ. ಬಾಗಿಲ ತಗಡು ಮೊದಲ ಮಳೆಗಾಲಕ್ಕೇ ತುಕ್ಕು ಹಿಡಿದು ಕೆಳಗೆ ಕಿತ್ತುಹೋಗಿರುತ್ತದೆ. ಗುಂಡಿಯನ್ನು ಅರೆಬರೆ ತೋಡಿರುತ್ತಾರೆ. ಎಲ್ಲಕ್ಕಿಂತ ಹೆಚ್ಚಾಗಿ ನೀರಿರುವುದಿಲ್ಲ.

ಆ ನೀರನ್ನು ಹೊತ್ತು ತರುವವರು ಯಾರು ಎಂದು ಕೇಳಿಕೊಂಡರೆ ಇಡೀ ಚಿತ್ರ ಬೇರೆಯಾಗಿ ಕಾಣುತ್ತದೆ. ಮನೆಯ ಐದು ಜನ ಒಳಗೆ ಹೋಗಿ ಬಂದರೆ ಮನೆಯ ಹೆಂಗಸಿನ ತಲೆಯ ಮೇಲೆ ಇನ್ನೂ ಎರಡು ಕೊಡ. ಹಳ್ಳಿಗಾಗಿಯೇ ಮಾಡಿದ, ಇಳಿಜಾರು ಹೆಚ್ಚಿರುವ ಬೇಸಿನ್ ಸಿಗುತ್ತದೆ. ಒಂದೂವರೆ, ಎರಡು ಲೀಟರ್ ಸುರಿದರೆ ಅದು ಶುಚಿಯಾಗುತ್ತದೆ. ಪೇಟೆಯ ಅಂಗಡಿಯಲ್ಲಿ ಸಿಗುವ ಸಾಮಾನ್ಯ ಬೇಸಿನ್ ಹಾಕಿಸಿದರೆ ಅದರ ಎಷ್ಟೋ ಪಟ್ಟು ಬೇಕು. ಬೇಸಿನ್ ಆರಿಸುವಾಗ ಮೇಸ್ತ್ರಿ ಮನೆಯ ಯಜಮಾನನನ್ನು ಕೇಳುತ್ತಾನೆ, ನೀರು ಹೊರುವವಳನ್ನು ಕೇಳುವುದು ಅಪರೂಪ.

ತಪ್ಪು ಕಲ್ಪನೆ: ಸ್ವಲ್ಪ ಹೊತ್ತು ತಡೆದುಕೊಂಡರೆ ಏನೂ ಆಗುವುದಿಲ್ಲ.

ವಾಸ್ತವ: ಒಂದು ದಿನ, ಒಂದು ಪ್ರಯಾಣದಲ್ಲಿ ತಡೆದುಕೊಂಡರೆ ಆರೋಗ್ಯವಂತ ಮೈ ಸುಧಾರಿಸಿಕೊಳ್ಳುತ್ತದೆ. ವಾರದ ಆರು ದಿನ, ವರ್ಷಾನುಗಟ್ಟಲೆ ತಡೆದರೆ ಮಾತು ಬೇರೆ.

ಹೆಣ್ಣಿನ ದೇಹರಚನೆಯಿಂದಲೇ ಶುರು ಮಾಡೋಣ. ಮೂತ್ರ ಹೊರಬರುವ ನಾಳ ಗಂಡಸರಲ್ಲಿ ಸುಮಾರು 20 ಸೆಂ.ಮೀ. ಉದ್ದ ಇದ್ದರೆ ಹೆಂಗಸರಲ್ಲಿ ಬರೀ 4 ಸೆಂ.ಮೀ. ಅದರ ಬಾಯಿ ಗುದದ್ವಾರಕ್ಕೆ ಹತ್ತಿರ. ನಮ್ಮೆಲ್ಲರ ಕರುಳಿನಲ್ಲಿ ಸಹಜವಾಗಿ ಇರುವ ಇ. ಕೋಲಿ ಬ್ಯಾಕ್ಟೀರಿಯಾ ಅಷ್ಟು ಸಣ್ಣ ದಾರಿಯನ್ನು ಸುಲಭವಾಗಿ ದಾಟಿ ಮೂತ್ರಕೋಶ ಸೇರಿಬಿಡುತ್ತದೆ. ಅದನ್ನು ಹೊರಹಾಕಲು ದೇಹಕ್ಕಿರುವ ಸರಳ ಉಪಾಯ ಎಂದರೆ ಆಗಾಗ ಮೂತ್ರ ಮಾಡುವುದು. ನಿಂತ ನೀರಿನಲ್ಲಿ ಪಾಚಿ ಕಟ್ಟುವ ಹಾಗೆ, ಗಂಟೆಗಟ್ಟಲೆ ಕಟ್ಟಿಕೊಂಡ ಮೂತ್ರದಲ್ಲಿ ಬ್ಯಾಕ್ಟೀರಿಯಾ ಬೆಳೆಯಲು ಪುರುಸೊತ್ತು ಸಿಗುತ್ತದೆ. ಅರ್ಧದಷ್ಟು ಹೆಂಗಸರಿಗೆ ಜೀವಮಾನದಲ್ಲಿ ಒಮ್ಮೆಯಾದರೂ ಮೂತ್ರನಾಳದ ಸೋಂಕು ಬರುತ್ತದೆ. ನಮ್ಮಲ್ಲಿ ಅದಕ್ಕೆ ಉರಿಮೂತ್ರ ಅನ್ನುತ್ತೇವೆ. ‘ಉಷ್ಣ ಆಗಿದೆ’ ಎಂದು ಎಳನೀರು ಕುಡಿದು, ಬಾರ್ಲಿ ನೀರು ಕುಡಿದು ದಿನ ದೂಡುತ್ತೇವೆ. ಸೋಂಕು ಮೇಲೇರಿ ಮೂತ್ರಪಿಂಡ ತಲುಪಿದರೆ ಸೊಂಟದ ಮೇಲ್ಭಾಗದಲ್ಲಿ ನೋವು, ನಡುಕ, ಚಳಿಜ್ವರ. ಆಮೇಲೆ ಎಳನೀರಿಗೆ ಬಗ್ಗುವುದಿಲ್ಲ, ಆಸ್ಪತ್ರೆಗೇ ಹೋಗಬೇಕು.

ತಡೆಯುವುದಕ್ಕಿಂತ ದೊಡ್ಡ ಅಪಾಯ ಅದಕ್ಕೂ ಮೊದಲಿನ ಹೆಜ್ಜೆಯಲ್ಲಿದೆ, ನೀರೇ ಕುಡಿಯದಿರುವುದರಲ್ಲಿ. ಉತ್ತರ ಕರ್ನಾಟಕದಲ್ಲಿ ಕೂಲಿಗೆ ಹೋಗುವ ಹೆಂಗಸರನ್ನು ಕೇಳಿದರೆ ಉತ್ತರ ನೇರವಾಗಿ ಬರುತ್ತದೆ: “ನೀರ ಕುಡದ್ರ ಹೊರಗ ಹೋಗ್ಬೇಕಾಗತೈತ್ರೀ, ಅದಕ್ಕ ಕುಡಿಯಂಗಿಲ್ಲ.” ಕಲಬುರಗಿ, ರಾಯಚೂರಿನ ಬೇಸಿಗೆಯಲ್ಲಿ 40 ಡಿಗ್ರಿ ದಾಟಿದ ಬಿಸಿಲಿಗೆ ಬೆನ್ನು ಕೊಟ್ಟು ಹೇಳುವ ಮಾತು ಇದು. ಬಲ್ಗೇರಿಯಾದಲ್ಲಿ 140 ಹೆಂಗಸರ ಮೇಲೆ ನಡೆಸಿ 2018ರಲ್ಲಿ ಪ್ರಕಟಿಸಿದ ಒಂದು ಪ್ರಯೋಗವಿದೆ. ನೀರು ಕಡಿಮೆ ಕುಡಿಯುತ್ತಿದ್ದ, ಪದೇ ಪದೇ ಉರಿಮೂತ್ರವಾಗುತ್ತಿದ್ದವರನ್ನು ಎರಡು ಗುಂಪು ಮಾಡಿ, ಒಂದು ಗುಂಪಿಗೆ ದಿನಕ್ಕೆ ಒಂದೂವರೆ ಲೀಟರ್ ನೀರು ಹೆಚ್ಚಿಗೆ ಕುಡಿಯಲು ಹೇಳಿದರು. ಒಂದು ವರ್ಷದಲ್ಲಿ ಎಂದಿನಂತೆ ಇದ್ದವರಿಗೆ ಸರಾಸರಿ 3.2 ಸಲ ಸೋಂಕಾದರೆ, ಹೆಚ್ಚು ನೀರು ಕುಡಿದವರಿಗೆ 1.7 ಸಲ. ಔಷಧಿಯಿಲ್ಲ, ಇಂಜೆಕ್ಷನ್ನಿಲ್ಲ, ಬರೀ ನೀರು. ಆ ಒಂದೂವರೆ ಲೀಟರನ್ನು ನಮ್ಮ ಹೆಂಗಸರಿಗೂ ವೈದ್ಯರು ಹೇಳುತ್ತಾರೆ. ಕುಡಿದ ನೀರನ್ನು ಎಲ್ಲಿ ಬಿಡಬೇಕು ಎಂಬ ಪ್ರಶ್ನೆ ಚೀಟಿಯಲ್ಲಿ ಬರೆಯುವಂಥದ್ದಲ್ಲ.

ನೀರು ಕಡಿಮೆಯಾದರೆ ಮೂತ್ರಪಿಂಡದಲ್ಲಿ ಕಲ್ಲು, ಮಲಬದ್ಧತೆ, ಮೂಲವ್ಯಾಧಿ. ಬಸುರಿಯಲ್ಲಂತೂ ಹಾರ್ಮೋನಿನಿಂದ ಮೂತ್ರನಾಳಗಳು ಸಡಿಲವಾಗಿ ಮೂತ್ರದ ಹರಿವು ನಿಧಾನವಾಗಿರುತ್ತದೆ, ಸೋಂಕು ಸಲೀಸಾಗಿ ಮೇಲೇರುತ್ತದೆ, ದಿನ ತುಂಬುವ ಮುಂಚೆ ಹೆರಿಗೆಯಾಗುವ ಭಯವೂ ಇರುತ್ತದೆ. ತಾಯಿ ಕಾರ್ಡ್ ಹಿಡಿದು ಹೋದವಳಿಗೆ ಮೂತ್ರಪರೀಕ್ಷೆ ಮಾಡಿಸುವುದರ ಕಾರಣಗಳಲ್ಲಿ ಇದೂ ಒಂದು. ಕೆಲವರಿಗೆ ಉರಿಯೇ ಇರದೆ ಸೋಂಕು ಇರುತ್ತದೆ. ಒಡಿಶಾದ ಹಳ್ಳಿಗಳಲ್ಲಿ ಗರ್ಭಿಣಿಯರನ್ನು ಹೆರಿಗೆಯವರೆಗೆ ಗಮನಿಸಿ 2015ರಲ್ಲಿ ಪ್ರಕಟವಾದ ಅಧ್ಯಯನ, ಬಯಲಿಗೆ ಹೋಗುವವರಲ್ಲಿ ಅವಧಿಗೆ ಮುನ್ನ ಹೆರಿಗೆ, ಕಡಿಮೆ ತೂಕದ ಮಗುವಿನಂಥ ತೊಂದರೆ ಹೆಚ್ಚೆಂದು ಕಂಡುಕೊಂಡಿತು. ಬಡತನ, ಜಾತಿಯಂಥ ಅಂಶಗಳನ್ನು ಲೆಕ್ಕಕ್ಕೆ ಹಿಡಿದ ಮೇಲೂ ಆ ನಂಟು ಉಳಿಯಿತು.

ಮುಟ್ಟು ನಿಂತವರನ್ನು ನಾವು ಮರೆತೇಬಿಡುತ್ತೇವೆ. ಈಸ್ಟ್ರೋಜೆನ್ ಇಳಿದಾಗ ಮೂತ್ರದ್ವಾರದ ಸುತ್ತಲ ಪದರ ತೆಳುವಾಗುತ್ತದೆ, ಸೋಂಕು ಮತ್ತೆ ಹೆಚ್ಚುತ್ತದೆ, ತಡೆಯುವ ಶಕ್ತಿಯೂ ಕುಂದುತ್ತದೆ. ಮದುವೆ, ಜಾತ್ರೆ, ಯಾತ್ರೆಗೆ ‘ನಾನು ಬರಲ್ಲ, ನೀವು ಹೋಗ್ಬನ್ನಿ’ ಎನ್ನುವ ಅಜ್ಜಿಯರ ಮನಸ್ಸಿನಲ್ಲಿ ಎಷ್ಟೋ ಸಲ ಇದೇ ಸಂಕಟ ಇರುತ್ತದೆ.

ತಪ್ಪು ಕಲ್ಪನೆ: ಸಾರ್ವಜನಿಕ ಶೌಚಾಲಯಕ್ಕೆ ಹೋದರೆ ಸೋಂಕು ತಗಲುತ್ತದೆ, ಹೋಗದಿರುವುದೇ ಒಳ್ಳೆಯದು.

ವಾಸ್ತವ: ಉರಿಮೂತ್ರ ತರುವ ಬ್ಯಾಕ್ಟೀರಿಯಾ ಹೆಚ್ಚಾಗಿ ನಮ್ಮದೇ ಕರುಳಿನದು. ಸೀಟಿಗೆ ತೊಡೆ ತಗುಲಿದ ಮಾತ್ರಕ್ಕೆ ಅದು ಮೂತ್ರಕೋಶಕ್ಕೆ ಹೋಗುವುದಿಲ್ಲ. ಕೊಳಕು ಜಾಗದಿಂದ ಭೇದಿ, ಹೊಟ್ಟೆಹುಳು ಬರಬಹುದು. ಅದು ಕೈಯಿಂದ ಬಾಯಿಗೆ ಹೋಗುವ ದಾರಿ, ಸೋಪು ಹಾಕಿ ಕೈ ತೊಳೆದರೆ ಬಹುಮಟ್ಟಿಗೆ ತಪ್ಪುತ್ತದೆ. ಕಮೋಡಿನ ಮೇಲೆ ಕೂರದೆ ಅರ್ಧ ಬಗ್ಗಿ ನಿಂತು ಮಾಡುವ ಅಭ್ಯಾಸ ಹಲವರಿಗಿದೆ. ಆ ಭಂಗಿಯಲ್ಲಿ ಕಟಿಭಾಗದ ಸ್ನಾಯುಗಳು ಬಿಗಿಯಾಗಿಯೇ ಇರುತ್ತವೆ, ಮೂತ್ರಕೋಶ ಪೂರ್ತಿ ಖಾಲಿಯಾಗದೆ ಇರಬಹುದು. ನೀರು ಹಾಕಿ ಒರೆಸಿ ಕೂರುವುದು ಮೇಲು, ಇಂಡಿಯನ್ ಮಾದರಿ ಇದ್ದರೆ ಇನ್ನೂ ಮೇಲು. ಶುಚಿಗೊಳಿಸುವಾಗ ಮುಂದಿನಿಂದ ಹಿಂದಕ್ಕೆ ಎಂಬುದನ್ನು ಹೆಣ್ಣುಮಗುವಿಗೆ ಸಣ್ಣವಳಿದ್ದಾಗಲೇ ಹೇಳಿಕೊಡಬೇಕು. ಹೆದರಿ ದಿನವಿಡೀ ಹೋಗದೆ ಕೂರುವುದರಿಂದ ಆಗುವ ಹಾನಿ ಸೀಟಿನಿಂದ ಆಗುವುದಕ್ಕಿಂತ ದೊಡ್ಡದು.

ತಪ್ಪು ಕಲ್ಪನೆ: ಹಳ್ಳಿ ಹೆಂಗಸರಿಗೆ ಬಯಲೇ ಇಷ್ಟ. ನಾಲ್ಕು ಜನ ಮಾತಾಡಿಕೊಂಡು ಹೋಗಿ ಬರುತ್ತಾರೆ.

ವಾಸ್ತವ: ಇದರಲ್ಲಿ ಒಂದೆಳೆ ನಿಜವಿದೆ, ಅದನ್ನು ಮುಚ್ಚಿಡಬೇಕಾಗಿಲ್ಲ. ಹೊಸ ಸೊಸೆಗೆ ಅತ್ತೆಯ ಕಣ್ಣಿನಿಂದ ತಪ್ಪಿ ಓರಗೆಯವರ ಹತ್ತಿರ ಮನಸ್ಸು ಬಿಚ್ಚಲು ಚರಿಗೆ ಹಿಡಿದು ಹೋಗುವ ಆ ಅರ್ಧ ಗಂಟೆ ಬಿಟ್ಟರೆ ಬೇರೆ ಹೊತ್ತೇ ಇರುವುದಿಲ್ಲ. ಅವಳಿಗೆ ಬೇಕಾಗಿರುವುದು ಗೆಳತಿಯರ ಜೊತೆ ಕೂತು ಮಾತಾಡುವ ಹೊತ್ತು. ಅದನ್ನು ಮನೆಯವರು ಕೊಡದೆ, ಬಯಲಿನ ಮೇಲೆ ಪ್ರೀತಿ ಎಂದು ಹೆಸರಿಡುವುದು ಸರಿಯಲ್ಲ.

ಉತ್ತರ ಕರ್ನಾಟಕದ ರಸ್ತೆಗಳಲ್ಲಿ ಮುಸ್ಸಂಜೆ ಬಸ್ಸಿನಲ್ಲಿ ಹೋದವರಿಗೆ ಈ ನೋಟ ಗೊತ್ತು. ಊರು ಹತ್ತಿರವಾಗುತ್ತಿದ್ದಂತೆ ಬಸ್ಸಿನ ದೀಪ ರಸ್ತೆಬದಿಗೆ ಬೀಳುತ್ತದೆ. ಬಳ್ಳಾರಿ ಜಾಲಿಯ ಮರೆಯಲ್ಲಿ ಕೂತಿದ್ದ ಹೆಂಗಸರು ದಡಬಡ ಎದ್ದು ನಿಲ್ಲುತ್ತಾರೆ, ಸೆರಗು ಎಳೆದುಕೊಂಡು ಮುಖ ಆಚೆ ತಿರುಗಿಸುತ್ತಾರೆ. ಬಸ್ಸು ಹೋದಮೇಲೆ ಕೂರುತ್ತಾರೆ. ಹಿಂದೆಯೇ ಟ್ರ್ಯಾಕ್ಟರು ಬರುತ್ತದೆ, ಮತ್ತೆ ಏಳುತ್ತಾರೆ. ಅವರಲ್ಲಿ ತುಂಬುಬಸುರಿ ಇರಬಹುದು, ಮಂಡಿನೋವಿನ ಮುದುಕಿ ಇರಬಹುದು, ಮುಟ್ಟಾದ ಹುಡುಗಿ ಇರಬಹುದು. ಹೊಟ್ಟೆ ಕೆಟ್ಟ ದಿನ ಕತ್ತಲಾಗುವವರೆಗೆ ಏನು ಮಾಡುತ್ತಾರೆ? ಮಳೆಗಾಲದಲ್ಲಿ ಬೆಳೆ ಎದ್ದಾಗ ಹೊಲದವರು ಬೈದು ಓಡಿಸಿದರೆ ಎಲ್ಲಿಗೆ ಹೋಗುತ್ತಾರೆ? ಭೂಮಿಯಿಲ್ಲದ ದಲಿತ ಕೇರಿಯ ಹೆಂಗಸರಿಗೆ ಈ ಬೈಗುಳ ಎರಡು ಪಟ್ಟು. ಕಾಲು ಚಾಚಲು ಜಾಗವಿಲ್ಲದ ಊರಿನಲ್ಲಿ ಬಯಲೂ ಯಾರದೋ ಸ್ವತ್ತು.

ಕತ್ತಲೆಯನ್ನೇ ಬಾಗಿಲು ಮಾಡಿಕೊಂಡವರು ಸೂರ್ಯ ಹುಟ್ಟುವ ಮೊದಲು ಒಮ್ಮೆ, ಮುಳುಗಿದ ಮೇಲೆ ಒಮ್ಮೆ ಹೋಗುತ್ತಾರೆ. ನಡುವಿನ 12 ಗಂಟೆ ತಡೆಯುವುದೇ ಅವರ ಆರೋಗ್ಯದ ಕಥೆ. ರಾತ್ರಿ ಊಟವನ್ನೂ ಅಳೆದು ಉಣ್ಣುತ್ತಾರೆ.

ತಪ್ಪು ಕಲ್ಪನೆ: ಶೌಚಾಲಯ ಮನೆಯ ಹೆಣ್ಣಿನ ಮಾನ ಕಾಯುತ್ತದೆ.

ವಾಸ್ತವ: ಈ ಮಾತು ಒಳ್ಳೆಯ ಉದ್ದೇಶದಿಂದ ಗೋಡೆಗಳ ಮೇಲೆ ಬರೆಯಲ್ಪಟ್ಟಿತು, ಬೀದಿನಾಟಕಗಳಲ್ಲಿ ಬಂತು. ನನಗೆ ಇದರ ಮೇಲೆ ಬಲವಾದ ತಕರಾರಿದೆ. ಬಯಲಿಗೆ ಹೋಗುವ ಹೆಂಗಸರಿಗೆ ಅಪಾಯ ಹೆಚ್ಚು ಎಂಬುದು ನಿಜ. 2005-06ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಅಂಕಿಅಂಶಗಳನ್ನು ವಿಶ್ಲೇಷಿಸಿ ಮಿಷಿಗನ್ ವಿಶ್ವವಿದ್ಯಾಲಯದ ಸಂಶೋಧಕರು 2016ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಮನೆಯಲ್ಲಿ ಶೌಚಾಲಯವಿರುವವರಿಗೆ ಹೋಲಿಸಿದರೆ ಬಯಲಿಗೆ ಹೋಗುವವರು ಸಂಗಾತಿಯಲ್ಲದ ಗಂಡಸರಿಂದ ಲೈಂಗಿಕ ಹಿಂಸೆಗೆ ಒಳಗಾಗುವ ಸಂಭವ ಸುಮಾರು ಎರಡು ಪಟ್ಟು ಎಂದು ಕಂಡುಬಂತು. ಅಷ್ಟೇ ಕಾರಣಕ್ಕೂ ಮನೆಗೊಂದು ಶೌಚಾಲಯ ಬೇಕು.

ಆದರೆ ‘ಹೆಣ್ಣಿನ ಮಾನ’ ಎಂದು ಹೇಳುತ್ತ ಹೋದದ್ದರಿಂದ ಶೌಚಾಲಯ ಹೆಂಗಸರ ವಸ್ತುವಾಯಿತು. ಗಂಡಸು ಬಯಲಿಗೆ ಹೋದರೆ ಅವನ ಮಾನ ಹೋಗುವುದಿಲ್ಲವಲ್ಲ! ಉತ್ತರ ಭಾರತದ ಐದು ರಾಜ್ಯಗಳ ಹಳ್ಳಿಗಳಲ್ಲಿ 2014ರ ಸುಮಾರಿಗೆ ನಡೆದ ಒಂದು ದೊಡ್ಡ ಸಮೀಕ್ಷೆಯಲ್ಲಿ, ಬಳಸಲು ಯೋಗ್ಯವಾದ ಶೌಚಾಲಯವಿದ್ದ ಮನೆಗಳಲ್ಲೂ 100ಕ್ಕೆ 40ಕ್ಕಿಂತ ಹೆಚ್ಚಿನವುಗಳಲ್ಲಿ ಕನಿಷ್ಠ ಒಬ್ಬರು ಬಯಲಿಗೇ ಹೋಗುತ್ತಿದ್ದರು. ಬಯಲಿನ ಮಲ ಗಂಡಸಿನದಾದರೂ ಹೆಂಗಸಿನದಾದರೂ ನೊಣ ಹೊತ್ತು ತರುವುದು ಅದನ್ನೇ, ಭೇದಿ ಬರುವುದು ಅದೇ ಮಗುವಿಗೆ. ಇನ್ನೊಂದು ಮಾತು. ಹೆಣ್ಣಿಗೆ ಶೌಚಾಲಯ ಬೇಕಾಗಿರುವುದು ಅವಳನ್ನು ಮನೆಯೊಳಗೇ ಇರಿಸಲು ಎಂದಾದರೆ, ಹೊರಗೆ ಓಡಾಡುವ ಅವಳಿಗೆ ಶೌಚಾಲಯ ಕೊಡುವ ಹೊಣೆ ಯಾರಿಗೂ ಉಳಿಯುವುದಿಲ್ಲ. ಘನತೆ ಮನುಷ್ಯಳಾಗಿ ಅವಳದು, ಮನೆತನದ ಪರವಾಗಿ ಹೊತ್ತ ಜವಾಬ್ದಾರಿಯಲ್ಲ. 2010ರ ಜುಲೈನಲ್ಲಿ ವಿಶ್ವಸಂಸ್ಥೆಯೂ ನೀರು ಮತ್ತು ನೈರ್ಮಲ್ಯವನ್ನು ಮಾನವ ಹಕ್ಕೆಂದು ಒಪ್ಪಿದೆ.

ತಪ್ಪು ಕಲ್ಪನೆ: ಗುಂಡಿ ಬೇಗ ತುಂಬುತ್ತದೆ, ಗಂಡಸರು ಹೊರಗೆ ಹೋದರೆ ಹೆಂಗಸರಿಗಾದರೂ ಉಳಿಯುತ್ತದೆ.

ವಾಸ್ತವ: ಎರಡು ಗುಂಡಿಯ ಶೌಚಾಲಯ ಸರಿಯಾಗಿ ಕಟ್ಟಿದರೆ ಒಂದು ಮೀಟರ್ ಅಗಲ, ಅಷ್ಟೇ ಆಳದ ಒಂದು ಗುಂಡಿ ಐದಾರು ಜನರ ಮನೆಗೆ ಸುಮಾರು ಐದು ವರ್ಷ ಬರುತ್ತದೆ. ಇಟ್ಟಿಗೆಗಳ ನಡುವೆ ಬಿಟ್ಟ ಸಂದಿನಲ್ಲಿ ನೀರು ಮಣ್ಣಿಗೆ ಇಂಗುತ್ತದೆ. ತುಂಬಿದ ಮೇಲೆ ಎರಡನೆಯದಕ್ಕೆ ತಿರುಗಿಸಿ, ಮೊದಲನೆಯದನ್ನು ಒಂದೂವರೆ, ಎರಡು ವರ್ಷ ಮುಚ್ಚಿಟ್ಟರೆ ಒಳಗಿರುವುದು ವಾಸನೆಯಿಲ್ಲದ ಗೊಬ್ಬರ. ಎರೆಮಣ್ಣಿನ ಊರುಗಳಲ್ಲಿ ಮಾತ್ರ ನೀರು ಇಂಗುವುದು ನಿಧಾನ. ಅಲ್ಲಿ ಗುಂಡಿಯ ಸುತ್ತ ಮರಳು ತುಂಬಿಸಬೇಕು, ಇಲ್ಲವೇ ಗುಂಡಿಯನ್ನು ದೊಡ್ಡದು ಮಾಡಬೇಕು.

ಹಾಗಿದ್ದರೂ ಜನ ಹತ್ತಡಿ ಆಳದ ಗುಂಡಿ ತೋಡಿಸುತ್ತಾರೆ, ಇಲ್ಲವೇ ಬಳಕೆಯನ್ನೇ ಕಡಿಮೆ ಮಾಡುತ್ತಾರೆ. ‘ತುಂಬಿದಾಗ ಖಾಲಿ ಮಾಡುವವರು ಯಾರು?’ ಎಂಬ ಭಯ ಅದರ ಬೇರು, ಆ ಭಯದ ಬೇರು ಜಾತಿ. ತಲೆಯ ಮೇಲೆ ಮಲ ಹೊರುವ ಪದ್ಧತಿಯನ್ನು ನಿಲ್ಲಿಸಲು 1970ರ ದಶಕದಲ್ಲಿ ದೇವರಾಜ ಅರಸು ಸರ್ಕಾರದ ಸಚಿವರಾಗಿದ್ದ ಬಿ. ಬಸವಲಿಂಗಪ್ಪನವರು ಹೋರಾಡಬೇಕಾಯಿತು. ಕೋಲಾರದ ಚಿನ್ನದ ಗಣಿಯ ಊರಿನಲ್ಲಿ ಹುಟ್ಟಿದ ಬೆಜವಾಡ ವಿಲ್ಸನ್ ಸಫಾಯಿ ಕರ್ಮಚಾರಿ ಆಂದೋಲನ ಕಟ್ಟಿದರು, ಅವರಿಗೆ 2016ರಲ್ಲಿ ಮ್ಯಾಗ್ಸೆಸೆ ಪ್ರಶಸ್ತಿ ಬಂತು. ಈ ಪದ್ಧತಿಯನ್ನು ನಿಷೇಧಿಸಿ 1993ರಲ್ಲಿ ಒಂದು, 2013ರಲ್ಲಿ ಇನ್ನೊಂದು ಕಾನೂನು ಬಂದಿತು. ಒಣಶೌಚಾಲಯಗಳಿಂದ ಬುಟ್ಟಿಯಲ್ಲಿ ಮಲ ಹೊತ್ತವರಲ್ಲಿ ಹೆಚ್ಚಿನವರು ಹೆಂಗಸರೇ ಎಂಬುದನ್ನು ಮರೆತು ಹೆಂಗಸರ ಶೌಚಾಲಯದ ಬಗ್ಗೆ ಮಾತಾಡಬಾರದು. ಎರಡು ಗುಂಡಿಯ ವಿಧಾನದಲ್ಲಿ ಯಾರನ್ನೂ ಕರೆಯಬೇಕಾಗಿಲ್ಲ, ಮನೆಯವರೇ ಆ ಗೊಬ್ಬರವನ್ನು ಹೊಲಕ್ಕೆ ಹಾಕಬಹುದು. ಕೈ ಹಾಕಲು ಮನಸ್ಸು ಬಾರದಿದ್ದರೆ ಅದು ಮನಸ್ಸಿನ ತೊಡಕು, ಗುಂಡಿಯ ದೋಷವಲ್ಲ.

ತಪ್ಪು ಕಲ್ಪನೆ: ಗಂಡಸರಿಗೆಷ್ಟು ಜಾಗವೋ ಹೆಂಗಸರಿಗೂ ಅಷ್ಟೇ ಕೊಟ್ಟರೆ ಸಮಾನತೆ.

ವಾಸ್ತವ: ಒಂದೇ ಅಳತೆಯ ಎರಡು ಕೋಣೆ ಇದ್ದರೆ ಗಂಡಸರ ಕಡೆ ನಾಲ್ಕು ಕಕ್ಕಸು, ಜೊತೆಗೆ ಗೋಡೆಗುಂಟ ಆರೇಳು ಮೂತ್ರಿ ಹಿಡಿಸುತ್ತವೆ. ಹೆಂಗಸರ ಕಡೆ ಬಾಗಿಲು ಹಾಕಿಕೊಳ್ಳುವ ಕಕ್ಕಸುಗಳಷ್ಟೇ. ಸೀರೆಯ ನೆರಿಗೆ ಎತ್ತಿಕಟ್ಟಬೇಕು, ಸಲ್ವಾರಿನ ಲಾಡಿ ಬಿಚ್ಚಬೇಕು, ಪ್ಯಾಡ್ ಬದಲಿಸಬೇಕು, ಜೊತೆಯಲ್ಲಿ ಮಗುವನ್ನೂ ಕೂರಿಸಬೇಕು. ಸಮಯ ಹೆಚ್ಚು ಬೇಕು, ಜಾಗ ಕಡಿಮೆ. ಜಾತ್ರೆಯಲ್ಲಿ, ರೈಲು ನಿಲ್ದಾಣದಲ್ಲಿ, ಸಭಾಂಗಣದಲ್ಲಿ ಹೆಂಗಸರ ಕಡೆಯ ಸಾಲು ಯಾವಾಗಲೂ ಉದ್ದವಾಗಿರುವುದು ಇದಕ್ಕೇ. ಕಕ್ಕಸುಗಳ ಸಂಖ್ಯೆಯೇ ಅವರ ಕಡೆ ಹೆಚ್ಚಿರಬೇಕು.

ದುಡ್ಡಿನ ವಿಷಯವೂ ಇದೆ. ಗಂಡಸರ ಮೂತ್ರಿ ಉಚಿತ, ಹೆಂಗಸು ಒಂದಕ್ಕೆ ಹೋದರೂ ಎರಡಕ್ಕೆ ಹೋದಂತೆ ದುಡ್ಡು. ಮೇಜಿನ ಹಿಂದೆ ಕೂತವನ ಮುಂದೆ ‘ಬರೀ ಒಂದಕ್ಕೆ ಅಣ್ಣ’ ಎಂದು ಹೇಳಿ ಚೌಕಾಸಿ ಮಾಡುವುದಕ್ಕಿಂತ ಐದು ರೂಪಾಯಿ ಕೊಟ್ಟುಬಿಡುತ್ತೇವೆ. ದಿನಕ್ಕೆ ಮೂರು ಸಲ ಹೋಗಬೇಕಾದ ಹೂ ಮಾರುವವಳಿಗೆ ಅದು ಒಂದು ಮೊಳದ ಲಾಭ. ಮುಂಬೈಯ ಹೆಂಗಸರು 2011ರಲ್ಲಿ ‘ರೈಟ್ ಟು ಪೀ’ ಎಂಬ ಚಳವಳಿಯನ್ನೇ ಕಟ್ಟಿದ್ದು ಈ ತಾರತಮ್ಯದ ವಿರುದ್ಧ.

2023ರ ಜೂನ್ 11ರಂದು ಹೆಂಗಸರಿಗೆ ಉಚಿತ ಬಸ್ ಪ್ರಯಾಣದ ಶಕ್ತಿ ಯೋಜನೆ ಶುರುವಾದ ಮೇಲೆ ಕರ್ನಾಟಕದ ಬಸ್ಸುಗಳಲ್ಲಿ ಹೆಂಗಸರ ಓಡಾಟ ಎಷ್ಟು ಹೆಚ್ಚಿದೆ ಎಂಬುದು ಕಣ್ಣಿಗೆ ಕಾಣುತ್ತದೆ. ಟಿಕೆಟ್ಟಿನ ಚಿಂತೆ ತಪ್ಪಿತು, ಲೋಟದ ನೀರಿನ ಚಿಂತೆ ಉಳಿಯಿತು. ತಾಲ್ಲೂಕು ಕೇಂದ್ರದ ಬಸ್ ನಿಲ್ದಾಣದ ಶೌಚಾಲಯಕ್ಕೆ ಹೋಗಿ ನೋಡಿ. ಚಿಲಕ ಮುರಿದಿರುತ್ತದೆ, ಒಂದು ಕೈಯಲ್ಲಿ ಬಾಗಿಲು ಹಿಡಿಯಬೇಕು. ಬ್ಯಾಗು ನೇತುಹಾಕಲು ಒಂದು ಮೊಳೆ ಇರುವುದಿಲ್ಲ, ನೆಲ ಒದ್ದೆ, ಬ್ಯಾಗನ್ನು ಹಲ್ಲಿನಲ್ಲಿ ಕಚ್ಚಿಕೊಳ್ಳಬೇಕು. ಬಲ್ಬು ಸುಟ್ಟಿರುತ್ತದೆ. ಪ್ಯಾಡ್ ಹಾಕಲು ಡಬ್ಬಿ ಇಲ್ಲದೆ ಕಿಟಕಿಯಲ್ಲಿ ತುರುಕಿರುತ್ತಾರೆ. ಒಂದು ಚಿಲಕ, ಒಂದು ಮೊಳೆ, ಒಂದು ಬಲ್ಬು, ಒಂದು ಮುಚ್ಚಳದ ಡಬ್ಬಿ: ಇವುಗಳ ಒಟ್ಟು ಬೆಲೆ ಸಾವಿರ ರೂಪಾಯಿ ದಾಟುವುದಿಲ್ಲ. ಆ ಕಟ್ಟಡದ ನಕ್ಷೆ ಬರೆದವರು, ಟೆಂಡರು ಕರೆದವರು, ತಪಾಸಣೆಗೆ ಬಂದವರು ಯಾರೂ ಸೀರೆಯುಟ್ಟು, ಬ್ಯಾಗು ಹಿಡಿದು ಒಳಗೆ ಹೋಗಿರಲಿಲ್ಲ ಎಂಬುದು ಇದರಿಂದಲೇ ತಿಳಿಯುತ್ತದೆ.

ತಪ್ಪು ಕಲ್ಪನೆ: ಕೆಲಸದ ಜಾಗದಲ್ಲಿ ಶೌಚಾಲಯ ಇದ್ದೇ ಇರುತ್ತದೆ.

ವಾಸ್ತವ: ಇದ್ದರೂ ಹೋಗಲು ಬಿಡಬೇಕಲ್ಲ. ಬೆಂಗಳೂರಿನ ಗಾರ್ಮೆಂಟ್ಸ್ ಕಾರ್ಖಾನೆಗಳಲ್ಲಿ ಹೆಚ್ಚಿನವರು ಹೆಂಗಸರು. ಗಂಟೆಗೆ ಇಷ್ಟು ಪೀಸ್ ಎಂಬ ಟಾರ್ಗೆಟ್ಟಿನ ಎದುರು ಮೆಷಿನ್ ಬಿಟ್ಟೇಳುವುದೇ ತಪ್ಪೆಂಬಂತೆ ನೋಡುವ ಸೂಪರ್‌ವೈಸರ್‌ಗಳ ಬಗ್ಗೆ ಕಾರ್ಮಿಕ ಸಂಘಟನೆಗಳು ವರ್ಷಗಳಿಂದ ದೂರುತ್ತಿವೆ. ಕಾರ್ಮಿಕರು ಕಾರ್ಖಾನೆಯಲ್ಲಿರುವಷ್ಟು ಹೊತ್ತೂ ಶೌಚಾಲಯ ಅವರಿಗೆ ದೊರೆಯಬೇಕು, ಗಂಡು ಹೆಣ್ಣಿಗೆ ಬೇರೆ ಬೇರೆ ಇರಬೇಕು ಎಂದು 1948ರ ಕಾರ್ಖಾನೆ ಕಾಯ್ದೆಯ 19ನೇ ಕಲಮೇ ಹೇಳಿತ್ತು. ‘ಇರುವಷ್ಟು ಹೊತ್ತೂ’ ಎಂದರೆ ಊಟದ ಬಿಡುವಿನಲ್ಲಿ ಮಾತ್ರ ಎಂದಲ್ಲ. ಕಾರ್ಖಾನೆಗೆ ಗೋಡೆಯಾದರೂ ಇದೆ. ಬೆಳಗಿನ ಜಾವ ಬೀದಿಗಿಳಿಯುವ ಪೌರಕಾರ್ಮಿಕ ಮಹಿಳೆಗೆ, ಸಿಗ್ನಲ್ಲಿನಲ್ಲಿ ನಿಲ್ಲುವ ಪೊಲೀಸ್ ಹೆಣ್ಣುಮಗಳಿಗೆ, ಮನೆ ಮನೆ ಸುತ್ತುವ ಆಶಾ ಕಾರ್ಯಕರ್ತೆಗೆ, ಮನೆಗೆಲಸಕ್ಕೆ ಹೋದ ಮನೆಯ ಕಕ್ಕಸು ತೊಳೆದೂ ಅದನ್ನು ಬಳಸುವಂತಿಲ್ಲದವಳಿಗೆ ಕೆಲಸದ ಜಾಗ ಯಾವುದು? ಈ ಕೊನೆಯ ಸಂಗತಿ ಸರ್ಕಾರದ ಕೈಯಲ್ಲಿಲ್ಲ. ಓದುತ್ತಿರುವ ನಮ್ಮ ನಿಮ್ಮ ಮನೆಯಲ್ಲಿ ಇವತ್ತೇ ಸರಿಯಾಗಬಹುದು.

ತಪ್ಪು ಕಲ್ಪನೆ: ಶಾಲೆಯಲ್ಲಿ ಒಂದು ಶೌಚಾಲಯ ಕಟ್ಟಿದರೆ ಹುಡುಗಿಯರು ಶಾಲೆ ಬಿಡುವುದು ನಿಲ್ಲುತ್ತದೆ.

ವಾಸ್ತವ: ಶಿಕಾಗೊ ವಿಶ್ವವಿದ್ಯಾಲಯದ ಅಂಜಲಿ ಅದುಕಿಯಾ ಭಾರತದ ಶಾಲೆಗಳ ದಾಖಲಾತಿಯನ್ನು ಅಧ್ಯಯನ ಮಾಡಿ 2017ರಲ್ಲಿ ಪ್ರಕಟಿಸಿದ ಫಲಿತಾಂಶ ಕುತೂಹಲದ್ದು. ಚಿಕ್ಕ ಮಕ್ಕಳಿಗೆ ಯಾವ ಶೌಚಾಲಯವಾದರೂ ಅನುಕೂಲವಾಯಿತು. ಬೆಳೆದ ಹುಡುಗಿಯರ ದಾಖಲಾತಿ ಗಣನೀಯವಾಗಿ ಏರಿದ್ದು ಅವರಿಗೇ ಪ್ರತ್ಯೇಕ ಶೌಚಾಲಯ ಇದ್ದಲ್ಲಿ ಮಾತ್ರ. ಶಿಕ್ಷಣ ಹಕ್ಕು ಕಾಯ್ದೆ 2009ರಲ್ಲೇ ಪ್ರತ್ಯೇಕ ಶೌಚಾಲಯ ಕಡ್ಡಾಯ ಮಾಡಿದೆ. ಇನ್ನು ಶಾಲೆ ಬಿಡಲು ಬಾಲ್ಯವಿವಾಹ, ದೂರದ ಹೈಸ್ಕೂಲು, ತಮ್ಮ ತಂಗಿಯರನ್ನು ನೋಡಿಕೊಳ್ಳುವ ಕೆಲಸ, ಹೀಗೆ ಹತ್ತು ಕಾರಣ ಇರುತ್ತವೆ. ಶೌಚಾಲಯ ಅವುಗಳಿಗೆ ಮದ್ದಲ್ಲ. ಶಾಲೆಗೆ ಬಂದ ಹುಡುಗಿ ಮಧ್ಯಾಹ್ನದ ಬಿಸಿಯೂಟದ ಜೊತೆ ಹೊಟ್ಟೆತುಂಬ ನೀರು ಕುಡಿಯುವಂತಾದರೆ, ಅದರ ಬೆಲೆ ದಾಖಲಾತಿಯ ಅಂಕಿಗೆ ಸಿಗದಿದ್ದರೂ ಅವಳ ಮೈಗೆ ಸಿಗುತ್ತದೆ.

ತಪ್ಪು ಕಲ್ಪನೆ: ಮಾಡಬೇಕೆಂದಿದೆ, ಆದರೆ ಅನುದಾನ ಇಲ್ಲ.

ವಾಸ್ತವ: ಈ ಉತ್ತರಕ್ಕೆ ಸುಪ್ರೀಂ ಕೋರ್ಟು 1980ರಲ್ಲೇ ಬಾಗಿಲು ಹಾಕಿದೆ. ಮಧ್ಯಪ್ರದೇಶದ ರತ್ಲಾಮಿನ ಒಂದು ಬಡಾವಣೆಯವರು ಚರಂಡಿ, ಶೌಚಾಲಯಗಳಿಲ್ಲದೆ ಬೀದಿಯೇ ಮಲಮೂತ್ರದ ಜಾಗವಾಗಿದೆ ಎಂದು ಮ್ಯಾಜಿಸ್ಟ್ರೇಟರ ಬಳಿ ಹೋದರು. ಪುರಸಭೆ ದುಡ್ಡಿಲ್ಲವೆಂದು ದೆಹಲಿಯವರೆಗೂ ವಾದಿಸಿತು. ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅವರ ಪೀಠ ಆ ವಾದವ‌ನ್ನು ಒಪ್ಪಲಿಲ್ಲ. ಗಂಡಸರಿಗೂ ಹೆಂಗಸರಿಗೂ ಬೇರೆ ಬೇರೆಯಾಗಿ ಸಾಕಷ್ಟು ಶೌಚಾಲಯ ಕಟ್ಟಬೇಕು, ನೀರು ಕೊಡಬೇಕು, ಬೆಳಿಗ್ಗೆ ಸಂಜೆ ಶುಚಿ ಮಾಡಿಸಬೇಕು ಎಂದು ಅವಧಿಯನ್ನೂ ಗೊತ್ತುಮಾಡಿ ಆದೇಶಿಸಿತು. ಕಟ್ಟುವುದರ ಜೊತೆಗೆ ನೀರು ಮತ್ತು ಶುಚಿಯನ್ನೂ ಒಂದೇ ಉಸಿರಿನಲ್ಲಿ ಹೇಳಿದ್ದು ಗಮನಿಸಬೇಕು.

ಹಳ್ಳಿಗಳ ಮಟ್ಟಿಗಂತೂ ದುಡ್ಡಿಲ್ಲ ಎನ್ನುವುದು ಪೂರ್ತಿ ಸರಿಯಲ್ಲ. 2021ರಿಂದ 2026ರವರೆಗಿನ ಅವಧಿಗೆ 15ನೇ ಹಣಕಾಸು ಆಯೋಗ ಪಂಚಾಯಿತಿಗಳಿಗೆ ಶಿಫಾರಸು ಮಾಡಿದ ಅನುದಾನದಲ್ಲಿ 60% ಬೇರೆ ಯಾವುದಕ್ಕೂ ತಿರುಗಿಸುವಂತಿಲ್ಲದ ಹಣ. ಅದರಲ್ಲಿ ಅರ್ಧ ಕುಡಿಯುವ ನೀರಿಗೆ, ಇನ್ನರ್ಧ ನೈರ್ಮಲ್ಯಕ್ಕೆ. ಮುಂದಿನ ಗ್ರಾಮಸಭೆಯಲ್ಲಿ ಪಿಡಿಒ ಅವರನ್ನು ಹೆಂಗಸರು ಕೇಳಬೇಕಾದ ಪ್ರಶ್ನೆಗಳು ಇಲ್ಲಿಂದ ಶುರುವಾಗುತ್ತವೆ: ನೈರ್ಮಲ್ಯದ ಪಾಲಿನಲ್ಲಿ ಇದುವರೆಗೆ ಯಾವುದಕ್ಕೆ ಎಷ್ಟು ಖರ್ಚಾಗಿದೆ, ಸಾರ್ವಜನಿಕ ಶೌಚಾಲಯಕ್ಕೆ ನೀರಿನ ಸಂಪರ್ಕ ಯಾವ ತಿಂಗಳು ಬರುತ್ತದೆ, ತೊಳೆಯುವವರಿಗೆ ತಿಂಗಳ ಸಂಬಳ, ಗ್ಲೌಸು, ಬೂಟು ಕೊಡುತ್ತಿದ್ದೀರಾ, ಬೀಗದ ಕೈ ಯಾರ ಹತ್ತಿರ ಇದೆ. ಉತ್ತರ ಬಾಯಿಮಾತಿನಲ್ಲಿ ಬಂದರೆ ಸಾಲದು, ನಡಾವಳಿ ಪುಸ್ತಕದಲ್ಲಿ ಬರೆಸಿ, ಓದಿಸಿ ಕೇಳಿ, ಆಮೇಲೆ ಸಹಿ ಹಾಕಬೇಕು.